ಆರು ಗಪ್ಪಿಗಳೂ ನನ್ನ ಬೆತ್ತದ ಕುರ್ಚಿಯೂ

ನಮ್ಮ ಮನೆಯಲ್ಲಿ ನಾನು ಆರಿಸಿ ತಂದ ವಸ್ತು ಒಂದೇ ಒಂದು. ಅದು ಬೆತ್ತದ ಕುರ್ಚಿ. ಪರದೆ, ಪಾತ್ರೆ, ಮಂಚ, ಗೋಡೆಯ ಬಣ್ಣ, ನನ್ನ ಅಂಗಿ, ನನ್ನ ಚಪ್ಪಲಿ, ನನ್ನ ಕನ್ನಡಕದ ಫ್ರೇಮು, ಎಲ್ಲವೂ ಹೆಂಡತಿಯ ಆಯ್ಕೆ. (ನಾನೂ ಅವಳ ಆಯ್ಕೆಯೇ. ಆದರೆ ಆ ಒಂದು ವಿಷಯದಲ್ಲಿ ತಾನು ಸ್ವಲ್ಪ ಅವಸರಪಟ್ಟೆ ಎಂದು ಅವಳೇ ಒಪ್ಪಿಕೊಳ್ಳುತ್ತಾಳೆ.)

ಕುರ್ಚಿಗೆ ಈಗ ಹದಿನೆಂಟು ವರ್ಷ. ಕೂತರೆ ಕಿರ್ ಎನ್ನುತ್ತದೆ, ಎದ್ದರೆ ಕುಂಯ್ ಎನ್ನುತ್ತದೆ. ಕೂರುವ ಜಾಗದ ನಟ್ಟನಡುವೆ ಬೆತ್ತ ಹರಿದು, ದೊಡ್ಡ ತಟ್ಟೆಯಷ್ಟು ಅಗಲದ ಒಂದು ದುಂಡನೆಯ ತೂತು ಬಿದ್ದಿದೆ. ಅದರ ಮೇಲೆ ದಿಂಬು ಹಾಕಿ, ದಿಂಬಿನ ಸಮೇತ ಅರ್ಧ ಒಳಗಿಳಿದು, ಸಂಜೆ ಪೇಪರು ಹಿಡಿದು ಕೂತೆನೆಂದರೆ ಆ ಸುಖವನ್ನು ಬಾಯಲ್ಲಿ ಹೇಳಲಾಗದು. ಈ ಕುರ್ಚಿಯನ್ನು ಗುಜರಿಯವನಿಗೆ ಕೊಡಬೇಕೆಂಬುದು ನನ್ನ ಹೆಂಡತಿಯ ಜೀವನದ ಮಹತ್ವಾಕಾಂಕ್ಷೆ. ಬೀದಿಯಲ್ಲಿ ‘ಹಳೇ ಸಾಮಾನ್’ ಎಂಬ ಕೂಗು ಕೇಳಿದರೆ ಸಾಕು, ಅವಳು ಕುರ್ಚಿಯನ್ನು ನೋಡುತ್ತಾಳೆ, ನಾನು ಅವಳನ್ನು ನೋಡುತ್ತೇನೆ, ಅತ್ತೆ ನಮ್ಮಿಬ್ಬರನ್ನೂ ನೋಡುತ್ತಾರೆ. (ಅತ್ತೆ ನಮ್ಮ ಜೊತೆಯಲ್ಲೇ ಇರುವುದು. ಈ ವಯಸ್ಸಿನಲ್ಲೂ ಕನ್ನಡಕವಿಲ್ಲದೆ ಸೂಜಿಗೆ ದಾರ ಪೋಣಿಸುತ್ತಾರೆ. ಈ ಮಾತು ನೆನಪಿನಲ್ಲಿರಲಿ.)

ನನ್ನ ಕೆಲಸವನ್ನೂ ಇಲ್ಲೇ ಹೇಳಿಬಿಡುತ್ತೇನೆ. ದೊಡ್ಡ ಕಚೇರಿಯೊಂದರ ವಸತಿ ವಿಭಾಗದಲ್ಲಿ ನಾನು ಗುಮಾಸ್ತ. ಯಾವ ನೌಕರನಿಗೆ ಯಾವ ಕ್ವಾರ್ಟರ್ಸ್ ಎಂದು ತೀರ್ಮಾನಿಸುವ ಕಡತ ನನ್ನ ಮೇಜಿನ ಮೇಲೇ ಹುಟ್ಟಿ, ನನ್ನ ಮೇಜಿನ ಮೇಲೇ ಮುಗಿಯುತ್ತದೆ. ನಿಯಮ ಎಂದರೆ ನನಗೆ ಪ್ರಾಣ. ಹೋದ ವರ್ಷ ಒಬ್ಬ ಬ್ರಹ್ಮಚಾರಿ ಟೈಪಿಸ್ಟ್ ಎರಡು ಕೋಣೆಯ ಮನೆಯಲ್ಲಿ ಹಾಯಾಗಿದ್ದ. ಅದೇ ಬ್ಲಾಕಿನ ಎಲೆಕ್ಟ್ರಿಷಿಯನ್ನನ ಒಂದು ಕೋಣೆಯ ಮನೆಯಲ್ಲಿ ಅವಳಿ ಮಕ್ಕಳು ಹುಟ್ಟಿದವು. ಕಲಂ ಹನ್ನೊಂದು ಸ್ಪಷ್ಟವಾಗಿದೆ: ‘ಕುಟುಂಬ ವೃದ್ಧಿಯಾದಲ್ಲಿ ಒಂಟಿ ನಿವಾಸಿಯು ಸ್ಥಳವನ್ನು ತೆರವು ಮಾಡತಕ್ಕದ್ದು.’ ನೋಟಿಸು ಕೊಟ್ಟೆ. ಟೈಪಿಸ್ಟ್ ಬಂದು, “ಸಾರ್, ಇನ್ನೊಂದು ತಿಂಗಳು ಟೈಮ್ ಕೊಡಿ. ಆ ಮನೆ ಅಭ್ಯಾಸ ಆಗಿಬಿಟ್ಟಿದೆ” ಎಂದು ಅಂಗಲಾಚಿದ. “ನಿಯಮ ನಂದಲ್ಲಪ್ಪ. ನಾನು ಬರೀ ಓದಿ ಹೇಳೋನು” ಎಂದೆ. ಅಂದು ಊಟಕ್ಕೆ ಕೂತಾಗ ಈ ಪ್ರಸಂಗವನ್ನು ಅಭಿನಯ ಸಮೇತ ಹೇಳಿದೆ. ಹೆಂಡತಿ “ಪಾಪ” ಎಂದಳು. ಅವಳಿಗೆ ಆಡಳಿತ ಅರ್ಥವಾಗುವುದಿಲ್ಲ.

ಇಂತಿರುವಲ್ಲಿ ಕಚೇರಿಯ ಕ್ರೀಡಾಕೂಟದಲ್ಲಿ ನನಗೆ ಮೊದಲ ಬಹುಮಾನ ಬಂತು. ಯಾವ ಸ್ಪರ್ಧೆಯಲ್ಲಿ ಎಂದು ಕೇಳಿ. ಸಂಗೀತ ಕುರ್ಚಿಯಲ್ಲಿ. ಹಾಡು ನಿಂತ ಕೂಡಲೇ ಕುರ್ಚಿ ಹಿಡಿಯುವ ಕಲೆಯಲ್ಲಿ ನನ್ನನ್ನು ಮೀರಿಸುವವರು ಇಡೀ ಕಚೇರಿಯಲ್ಲಿ ಇಲ್ಲ. ಕೊನೆಯ ಸುತ್ತಿನಲ್ಲಿ ನಮ್ಮ ಮೇಲಧಿಕಾರಿಗಳನ್ನೇ ಸೊಂಟದಿಂದ ಒತ್ತರಿಸಿ ಗೆದ್ದೆ. (ಆಮೇಲೆ ಕ್ಷಮೆ ಕೇಳಿದೆ.) ಬಹುಮಾನವಾಗಿ ಬಂದದ್ದು ಒಂದು ಗಾಜಿನ ತೊಟ್ಟಿ. ನಲವತ್ತು ಲೀಟರು ನೀರು ಹಿಡಿಯುವ ಅಕ್ವೇರಿಯಂ.

ತೊಟ್ಟಿಯನ್ನು ಎದೆಗವಚಿಕೊಂಡು ಮನೆಗೆ ಬಂದೆ. ಹೆಂಡತಿ ಆಗಷ್ಟೇ ಡ್ಯೂಟಿ ಮುಗಿಸಿ ಬಂದಿದ್ದಳು. ಅವಳು ಆಸ್ಪತ್ರೆಯ ಹೆರಿಗೆ ವಾರ್ಡಿನಲ್ಲಿ ಹಿರಿಯ ನರ್ಸು. ದಿನವಿಡೀ ಹೆಂಗಸರ ನರಳಾಟ, ಕೂಸುಗಳ ಕಿರುಚಾಟ ಕೇಳಿ ಬರುವವಳಿಗೆ ಸುಲಭವಾಗಿ ಯಾವುದೂ ಅಚ್ಚರಿಯೆನಿಸುವುದಿಲ್ಲ.

“ಎಲ್ಲಿಡ್ತೀರ ಇದನ್ನ?” ಎಂದಳು.

“ನನ್ನ ಕುರ್ಚಿ ಪಕ್ಕದಲ್ಲಿ.”

“ಆ ಮೂಲೆಯಲ್ಲಿ ಎರಡೂ ಹಿಡಿಸಲ್ಲ. ಇದು ಬೇಕಾದ್ರೆ ಕುರ್ಚಿ ಹೋಗಲಿ.”

“ಕುರ್ಚಿ ಮಾತ್ರ ಹೋಗಲ್ಲ.”

“ಹೋಗಲಿ ಬಿಡಿ, ಮೀನು ಹೇಗೂ ನಾಲ್ಕು ದಿನದಲ್ಲಿ ಸಾಯ್ತವೆ. ನೀವು ಆರಿಸಿ ತಂದದ್ದು ಯಾವುದು ನೆಟ್ಟಗೆ ಉಳಿದಿದೆ ಹೇಳಿ. ಆ ಛತ್ರಿ? ಆ ಗಡಿಯಾರ?”

ಛತ್ರಿ ಮತ್ತು ಗಡಿಯಾರದ ವಿಷಯ ಎತ್ತಿದ್ದು ನನ್ನ ಮನಸ್ಸಿಗೆ ನಾಟಿತು. ನೂರಾರು ಸಂಸಾರಗಳಿಗೆ ತಕ್ಕ ಮನೆ ಹುಡುಕಿ ಕೊಟ್ಟವನು ನಾನು. ಒಂದು ಮನೆಗೆ ತಕ್ಕ ಮೀನು ಹುಡುಕಲಾರೆನೆ? ಆ ಕ್ಷಣವೇ ಶಪಥ ಮಾಡಿದೆ, ಮನಸ್ಸಿನಲ್ಲೇ.

ಮರುದಿನ ಸಾಕುವ ಮೀನಿನ ಅಂಗಡಿಗೆ ಹೋದೆ. ಗೋಡೆ ತುಂಬ ತೊಟ್ಟಿಗಳು, ನಡುವೆ ಮೊಣಕೈವರೆಗೂ ಒದ್ದೆಯಾಗಿರುವ ಅಂಗಡಿಯವರು. ಬಲು ತಾಳ್ಮೆಯ ಮನುಷ್ಯ. ನಾನು ನಮ್ಮ ವಿಭಾಗದ ಅರ್ಜಿ ನಮೂನೆಯನ್ನೇ ಸ್ವಲ್ಪ ತಿದ್ದಿ ಒಯ್ದಿದ್ದೆ: ಮೀನಿನ ಹೆಸರು, ಪೂರ್ತಿ ಬೆಳೆದಾಗ ಉದ್ದ, ಆಹಾರ, ಸ್ವಭಾವ, ನೆರೆಹೊರೆಯವರೊಂದಿಗೆ ಜಗಳದ ಪೂರ್ವ ಇತಿಹಾಸ.

“ಗೋಲ್ಡ್ ಫಿಶ್ ಕೊಡಿ” ಎಂದೆ. ಎಲ್ಲರೂ ಅಲ್ಲಿಂದಲೇ ತಾನೆ ಶುರು ಮಾಡುವುದು.

“ತೊಟ್ಟಿ ಎಷ್ಟು ದೊಡ್ಡದು ಸಾರ್?”

ಕೈಯಲ್ಲಿ ತೋರಿಸಿದೆ. ಅವರು ತಲೆಯಾಡಿಸಿದರು. “ಅದು ಗೇಣುದ್ದ ಬೆಳೆಯುತ್ತೆ. ತಿನ್ನೋದು ಜಾಸ್ತಿ, ಗಲೀಜು ಅದಕ್ಕಿಂತ ಜಾಸ್ತಿ. ನಿಮ್ಮ ತೊಟ್ಟಿಗೆ ಬೇಡ.”

‘ಅರ್ಜಿ ತಿರಸ್ಕೃತ’ ಎಂದು ಬರೆದುಕೊಂಡೆ. ಮುಂದೆ ಏಂಜಲ್. ನೋಡಲು ಬಲು ಗಂಭೀರ, ಆದರೆ ದೊಡ್ಡದಾದ ಮೇಲೆ ಬಾಯಿಗೆ ಹಿಡಿಸುವ ಪುಟ್ಟ ಮೀನನ್ನೆಲ್ಲ ನುಂಗುತ್ತದಂತೆ. ಟೈಗರ್ ಬಾರ್ಬ್ ಚುರುಕಾಗಿದೆ, ಆದರೆ ಅಕ್ಕಪಕ್ಕದವರ ರೆಕ್ಕೆ ಬಾಲ ಕಚ್ಚುವ ಚಾಳಿ. ಸಿ ಬ್ಲಾಕಿನ ಸ್ಟೋರ್ ಕೀಪರ್ ನೆನಪಾಗಿ ಒಡನೆಯೇ ಗೀಟು ಎಳೆದೆ. ಫೈಟರ್ ಮೀನು ಕನ್ನಡಿಯಲ್ಲಿ ತನ್ನ ಮುಖ ಕಂಡರೂ ಕಾಲು ಕೆದರಿ ಜಗಳಕ್ಕೆ ನಿಲ್ಲುತ್ತದೆ. (ಕಾಲಿಲ್ಲ, ಆದರೂ.) ಗಾಜಿಗೆ ಅಂಟಿಕೊಂಡಿದ್ದ ಸಕ್ಕರ್ ಮೀನು ನನಗೆ ಹಿಡಿಸಿತು. ಪಾಪ, ತನ್ನ ಪಾಡಿಗೆ ಗಾಜು ಒರೆಸಿಕೊಂಡಿತ್ತು. ಅಂಗಡಿಯವರು, “ಈಗ ಬೆರಳುದ್ದ ಇದೆ ಸಾರ್. ಬಿಟ್ರೆ ಒಂದು ಅಡಿ ದಾಟುತ್ತೆ” ಎಂದರು. ಎರಡು ದಿನಕ್ಕೆಂದು ಬಂದು ಎರಡು ವರ್ಷ ಉಳಿಯುವ ನೆಂಟರು ನಮಗೆ ಹೊಸಬರಲ್ಲ. ಅದಕ್ಕೂ ಗೀಟು.

“ಚಿಕ್ಕ ತೊಟ್ಟಿಗೆ ಗಪ್ಪಿ ಒಳ್ಳೇದು” ಎಂದರು ಕೊನೆಗೆ. “ಮೈಕಟ್ಟು ಚಿಕ್ಕದು, ಸಾಧು ಸ್ವಭಾವ. ಆರು ಸಾಕು. ಆದ್ರೆ ಗಂಡು ಹೆಣ್ಣು ಸೇರಿಸಿದ್ರೆ ತಿಂಗಳಿಗೊಂದು ಸಲ ಮರಿ ಹಾಕ್ತವೆ. ಅದಕ್ಕೇ ಆರೂ ಗಂಡೇ ತಗೊಳ್ಳಿ. ಬಣ್ಣನೂ ಚೆನ್ನಾಗಿರುತ್ತೆ.”

ಇಲ್ಲಿ ನನ್ನ ಇಪ್ಪತ್ತು ವರ್ಷದ ಅನುಭವ ಕೆಲಸಕ್ಕೆ ಬಂತು. ಆರು ಗಂಡುಗಳನ್ನು ಒಂದೇ ಸೂರಿನಡಿ ಇಡುವುದೇ? ನಮ್ಮ ಬ್ರಹ್ಮಚಾರಿಗಳ ಬ್ಲಾಕಿನಿಂದ ವಾರಕ್ಕೆ ಮೂರು ದೂರು ಬರುತ್ತವೆ. ಹಾಡು, ಕೂಗಾಟ, ಒಡೆದ ನಲ್ಲಿ, ಕಳೆದ ಚಪ್ಪಲಿ. ಮಹಿಳಾ ನೌಕರರ ವಸತಿಗೃಹದಿಂದ ಇಷ್ಟು ವರ್ಷದಲ್ಲಿ ಬಂದದ್ದು ಒಂದೇ ದೂರು, ಅದೂ ಬಲ್ಬು ಹೋಗಿದೆ ಎಂದು.

“ಆರೂ ಹೆಣ್ಣೇ ಇರಲಿ” ಎಂದೆ. “ಗಂಡಿನ ಪ್ರವೇಶವೇ ಇಲ್ಲದ ಮೇಲೆ ಮರಿ ಎಲ್ಲಿಂದ?”

“ಸಾರ್, ಹೆಣ್ಣು ತಗೊಳ್ಳೋದಾದ್ರೆ ಒಂದು ವಿಷಯ...”

“ನಿಯಮ ಅಂದ್ರೆ ನಿಯಮ” ಎಂದು ಕೈ ಎತ್ತಿ ತಡೆದೆ. ಅವರು ಬಾಯಿ ಮುಚ್ಚಿಕೊಂಡರು. ಗಿರಾಕಿಯ ದೃಢತೆ ಕಂಡು ಬೆರಗಾಗಿದ್ದಾರೆ ಎಂದು ತಿಳಿದೆ.

ಮೀನನ್ನು ಅಂದೇ ಕೊಡಲಿಲ್ಲ. ಮೊದಲು ತೊಟ್ಟಿಗೆ ನೀರು ತುಂಬಿ, ಗಿಡ ನೆಟ್ಟು, ಫಿಲ್ಟರ್ ಹಾಕಿ, ಚಿಟಿಕೆ ಮೀನಿನ ತಿಂಡಿ ಉದುರಿಸುತ್ತ ನಾಲ್ಕು ವಾರ ಕಾಯಬೇಕಂತೆ. ಮೀನಿನ ಹೊಲಸನ್ನು ತಿಂದು ನೀರನ್ನು ಹದವಾಗಿಡುವ ಸೂಕ್ಷ್ಮಜೀವಿಗಳು ಅಷ್ಟರಲ್ಲಿ ಬೆಳೆಯುತ್ತವಂತೆ. ಹೊಸ ನೀರಿಗೆ ಮೀನು ಬಿಟ್ಟವರದ್ದೇ ನಾಲ್ಕು ದಿನಕ್ಕೆ ಸಾಯುವುದು. ಕಟ್ಟಿದ ಕೂಡಲೇ ಕ್ವಾರ್ಟರ್ಸ್ ಕೊಡದೆ ಗೋಡೆ ಒಣಗಿಸುವ ಕ್ರಮ ನನಗೆ ಹೊಸದಲ್ಲ. ಸಂತೋಷದಿಂದ ಒಪ್ಪಿದೆ.

ಮೂಲೆಯಲ್ಲಿ ಜಾಗ ಸಾಲದೆ ತೊಟ್ಟಿಯನ್ನು ಕುರ್ಚಿಯ ಎದುರು ಗಿಡ್ಡ ಮೇಜಿನ ಮೇಲಿಟ್ಟೆ. ಆ ನಾಲ್ಕು ವಾರ ನಮ್ಮ ಮನೆಗೆ ಬಂದವರೆಲ್ಲ ನೀರು ನೋಡಿದರು. ಮೇಲಿನ ಮನೆಯ ನಿವೃತ್ತ ಡ್ರಾಯಿಂಗ್ ಮೇಷ್ಟ್ರು ತೊಟ್ಟಿಯ ಮುಂದೆ ಹತ್ತು ನಿಮಿಷ ಬಾಗಿ ನಿಂತು, “ಮೀನು ಬಹಳ ನಾಚಿಕೆ ಸ್ವಭಾವದ್ದು ಅಂತ ಕಾಣುತ್ತೆ” ಎಂದರು.

“ಮೀನಿಲ್ಲ ಮೇಷ್ಟ್ರೇ. ನೀರು ತಯಾರಾಗ್ತಿದೆ.”

“ಓಹೋ” ಎಂದು ಅವರು ಇನ್ನೂ ಐದು ನಿಮಿಷ ನೋಡಿದರು.

ಅತ್ತೆ ದಿನವೂ ಸ್ವೆಟರ್ ಹೆಣಿಗೆ ಹಿಡಿದು ತೊಟ್ಟಿಯ ಮುಂದೆ ಕೂರತೊಡಗಿದರು. “ಅಳಿಯಂದಿರೇ, ಇಲ್ಲದ ಮೀನಿಗೆ ದಿನಾ ತಿಂಡಿ ಹಾಕ್ತೀರಲ್ಲ, ನಿಮ್ಮದು ದೊಡ್ಡ ಮನಸ್ಸು” ಎಂದರು.

ಕೊನೆಗೂ ಆರು ಮಹಿಳೆಯರು ದಯಮಾಡಿಸಿದರು. ಬೂದು ಮೈ, ಬಾಲದಲ್ಲಿ ಚೂರು ಕಿತ್ತಳೆ ಬಣ್ಣ, ತುಂಬಿದ ಮೈಕಟ್ಟು. ಪ್ಲಾಸ್ಟಿಕ್ ಚೀಲವನ್ನು ಕಾಲು ಗಂಟೆ ನೀರಿನಲ್ಲಿ ತೇಲಿಸಿ, ಆಮೇಲೆ ಒಬ್ಬೊಬ್ಬರನ್ನೇ ಒಳಗೆ ಬಿಟ್ಟೆ. ಜಗಳವಿಲ್ಲ, ಗದ್ದಲವಿಲ್ಲ. ಆರೂ ಸಾಲಾಗಿ ಈಜಿ ಗಿಡಗಳನ್ನು ಪರಿಶೀಲಿಸಿ ತೃಪ್ತಿಪಟ್ಟವು. ನನ್ನ ಎದೆ ಉಬ್ಬಿತು.

“ನೋಡು” ಎಂದು ಹೆಂಡತಿಯನ್ನು ಕರೆದೆ. “ಹದಿನೈದು ದಿನದಲ್ಲಿ ಇದರಲ್ಲೊಂದು ಸತ್ತರೆ ನನ್ನ ಕುರ್ಚಿ ಗುಜರಿಗೆ. ಸಾಯದಿದ್ದರೆ ಇನ್ನು ಮುಂದೆ ಕುರ್ಚಿಯ ಸುದ್ದಿ ಎತ್ತಕೂಡದು.”

ಅವಳು ಸೆರಗು ಸಿಕ್ಕಿಸಿಕೊಂಡು ತೊಟ್ಟಿಯ ಮುಂದೆ ಕೂತಳು. ಒಂದೊಂದು ಮೀನನ್ನೂ ಎಡದಿಂದ, ಬಲದಿಂದ, ಕೆಳಗಿನಿಂದ ನೋಡಿದಳು. ಒಂದರ ಹಿಂದೆ ಬೆರಳಿಟ್ಟು ಗಾಜಿನ ಉದ್ದಕ್ಕೂ ಹೋದಳು. ವಾರ್ಡಿನಲ್ಲಿ ರೌಂಡ್ಸ್ ಮುಗಿಸಿದವಳಂತೆ ಎದ್ದು, “ಹದಿನೈದು ದಿನ ಸಾಲದು. ಒಂದು ತಿಂಗಳು ಇರಲಿ” ಎಂದಳು.

“ಎರಡು ತಿಂಗಳು ಬೇಕಾದ್ರೂ ಇರಲಿ.”

“ಒಂದೇ ಸಾಕು. ಆದ್ರೆ ನೀವು ಅಂಗಡಿಯಿಂದ ಗುಟ್ಟಾಗಿ ಇನ್ನೆರಡು ತಂದು ಸೇರಿಸಿದ್ರೆ? ಸತ್ತದ್ದು ಗೊತ್ತೇ ಆಗಲ್ಲ.”

ನನ್ನ ಪ್ರಾಮಾಣಿಕತೆಯ ಮೇಲೇ ಅನುಮಾನ! ರೋಷದಿಂದ ಬಿಳಿ ಹಾಳೆ ತೆಗೆದು ಕರಾರು ಬರೆದೆ: ‘ಮೂವತ್ತನೆಯ ದಿನ ತೊಟ್ಟಿಯಲ್ಲಿ ಮೀನುಗಳ ಸಂಖ್ಯೆ ಆರೇ ಇರತಕ್ಕದ್ದು. ಒಂದು ಕಡಿಮೆಯೂ ಆಗಕೂಡದು, ಒಂದು ಹೆಚ್ಚೂ ಆಗಕೂಡದು. ತಪ್ಪಿದಲ್ಲಿ ಬೆತ್ತದ ಕುರ್ಚಿಯ ಸಂಪೂರ್ಣ ಹಕ್ಕು ಹೆಂಡತಿಗೆ ಸೇರತಕ್ಕದ್ದು.’ ಅವಳು ಎರಡನೆಯ ವಾಕ್ಯವನ್ನು ಎರಡು ಸಲ ಓದಿ ಸಹಿ ಹಾಕಿದಳು. ಸಾಕ್ಷಿಯಾಗಿ ಅತ್ತೆಯ ಸಹಿ. ಸಹಿ ಮಾಡುವಾಗ ತಾಯಿ ಮಗಳು ಒಬ್ಬರ ಮುಖ ಒಬ್ಬರು ನೋಡಿಕೊಂಡದ್ದನ್ನು ನಾನು ಕಂಡೆ. ಹೆದರಿದ್ದಾರೆ ಎಂದುಕೊಂಡೆ.

ಆ ತಿಂಗಳು ನನ್ನ ಬಾಳಿನ ಸುವರ್ಣಯುಗ. ಬೆಳಿಗ್ಗೆ ಕಚೇರಿಗೆ ಹೊರಡುವ ಮುನ್ನ ಹಾಜರಿ ತೆಗೆದುಕೊಳ್ಳುತ್ತಿದ್ದೆ. ಆರು. ಸಂಜೆ ಬಂದೊಡನೆ ಮತ್ತೆ ಹಾಜರಿ. ಆರು. ವಾರಕ್ಕೊಮ್ಮೆ ಕಾಲುಭಾಗ ನೀರು ಬದಲಿಸಿದೆ, ತಿಂಡಿಯನ್ನು ಚಿಟಿಕೆ ಲೆಕ್ಕದಲ್ಲೇ ಹಾಕಿದೆ. ನಿವಾಸಿಗಳು ದಿನೇ ದಿನೇ ದುಂಡಗಾಗುತ್ತ ಬಂದರು. ‘ನನ್ನ ಆರೈಕೆ’ ಎಂದು ಕಚೇರಿಯಲ್ಲಿ ಎಲ್ಲರಿಗೂ ಹೇಳಿದೆ. ಆ ಟೈಪಿಸ್ಟನನ್ನೂ ಬಿಡಲಿಲ್ಲ. ಮನೆಯಲ್ಲಿ ಕುರ್ಚಿಯೊಳಗೆ ಇನ್ನೂ ಎರಡು ಬೆರಳು ಹೆಚ್ಚಾಗಿಯೇ ಇಳಿದು, ಪೇಪರಿನ ಮೇಲಿಂದ ತೊಟ್ಟಿಯನ್ನೂ ತೊಟ್ಟಿಯ ಮೇಲಿಂದ ಹೆಂಡತಿಯನ್ನೂ ನೋಡುತ್ತಿದ್ದೆ. ಅವಳು ಮಾತ್ರ ದಿನಾ ವಾರ್ಡಿನಿಂದ ಬಂದು ಕೈಕಾಲು ತೊಳೆದು, ತೊಟ್ಟಿಯ ಮುಂದೆ ಅರೆ ನಿಮಿಷ ನಿಂತು, “ಹ್ಞೂಂ, ಚೆನ್ನಾಗಿದ್ದಾರೆ” ಎಂದು ಒಳಗೆ ಹೋಗುತ್ತಿದ್ದಳು. ಮೀನಿಗೆ ‘ಇವೆ’ ಎನ್ನದೆ ‘ಇದ್ದಾರೆ’ ಯಾಕೆ ಎಂದು ನಾನು ಕೇಳಲಿಲ್ಲ. ಇಪ್ಪತ್ತೆಂಟನೆಯ ದಿನ ಅವಳು ಮೂಲೆಯಲ್ಲಿ ಇನ್ನಷ್ಟು ಗಿಡ ತಂದು ನೆಟ್ಟಳು. ಸೋಲೊಪ್ಪಿಕೊಂಡು ನನಗೆ ನೆರವಾಗುತ್ತಿದ್ದಾಳೆ ಎಂದು ಮರುಕ ಹುಟ್ಟಿತು.

ಮೂವತ್ತನೆಯ ದಿನ ಭಾನುವಾರ. ಡ್ರಾಯಿಂಗ್ ಮೇಷ್ಟ್ರನ್ನು ವೀಕ್ಷಕರಾಗಿ ಆಹ್ವಾನಿಸಿದೆ. ಇಸ್ತ್ರಿ ಮಾಡಿದ ಅಂಗಿ ಹಾಕಿಕೊಂಡು ಕರಾರನ್ನು ಓದಿದೆ. ಆಮೇಲೆ ಪುಟ್ಟ ಭಾಷಣ. ಈ ಮನೆಯಲ್ಲಿ ನನ್ನ ಆಯ್ಕೆಯ ಶಕ್ತಿಯನ್ನು ಹದಿನೆಂಟು ವರ್ಷ ಕಡೆಗಣಿಸಲಾಗಿದೆ, ಇಂದು ಆರು ಜೀವಗಳು ಅದಕ್ಕೆ ಉತ್ತರ ಕೊಡುತ್ತಿವೆ ಎಂದೆ. ಮೇಷ್ಟ್ರು ಚಪ್ಪಾಳೆ ತಟ್ಟಿದರು.

“ಒಂದು, ಎರಡು, ಮೂರು” ಎಂದು ಬೆರಳಿಟ್ಟು ಎಣಿಸಿದೆ. “ನಾಲ್ಕು, ಐದು, ಆರು.”

ಆರು. ಒಂದೂ ಸತ್ತಿರಲಿಲ್ಲ. ಗೆದ್ದೆ. ನಿಜವಾಗಿ ಹೇಳುತ್ತೇನೆ, ಕಣ್ಣು ಮಂಜಾಯಿತು. ಅದೇ ಹುಮ್ಮಸ್ಸಿನಲ್ಲಿ ಹೋಗಿ ನನ್ನ ಕುರ್ಚಿಯಲ್ಲಿ ಧೊಪ್ಪನೆ ಕೂತೆ. ಕುರ್ಚಿ ಕಿರ್ ಎಂದು ತಾನೂ ಜಯಘೋಷ ಮಾಡಿತು.

ಅತ್ತೆ ಹೆಣಿಗೆ ಕೆಳಗಿಟ್ಟು ಗಾಜಿಗೆ ಮೂಗು ತಾಗಿಸಿದರು. “ಅಳಿಯಂದಿರೇ, ಈ ಕಸಕ್ಕೆ ಕಣ್ಣಿದೆ” ಎಂದರು.

“ಯಾವ ಕಸ?”

“ಈ ಗಿಡದ ಹತ್ರ. ಇಲ್ಲೊಂದು. ಅಗೋ, ಅದು ಹೋಯ್ತು. ಅದಕ್ಕೂ ಕಣ್ಣಿದೆ.”

ಹೆಂಡತಿ ಮೂಲೆಯ ಗಿಡವನ್ನು ಮೆಲ್ಲಗೆ ಸರಿಸಿದಳು. ರೆಪ್ಪೆಗೂದಲಿನಷ್ಟು ಗಾತ್ರದ, ಎರಡೆರಡು ಕಪ್ಪು ಚುಕ್ಕೆಯ ಕಣ್ಣಿನ ಜೀವಿಗಳು ನಾಲ್ಕೂ ದಿಕ್ಕಿಗೆ ಚಿಮ್ಮಿದವು. ಎಣಿಸುವ ಕೆಲಸವನ್ನು ಅವಳೇ ಮಾಡಿದಳು. ಹುಟ್ಟಿದ್ದನ್ನು ಎಣಿಸುವುದು ಅವಳಿಗೆ ನಿತ್ಯದ ಕೆಲಸ.

“ಇಪ್ಪತ್ತಮೂರು” ಎಂದಳು. “ಮೊನ್ನೆ ಮಧ್ಯಾಹ್ನ ಒಬ್ಬಳಿಗೆ, ನಿನ್ನೆ ಬೆಳಿಗ್ಗೆ ಇನ್ನೊಬ್ಬಳಿಗೆ. ತಾಯಂದಿರು, ಮಕ್ಕಳು ಎಲ್ಲ ಕ್ಷೇಮ.”

“ಗಂಡೇ ಇರಲಿಲ್ಲವಲ್ಲ” ಎಂದೆ. ನನ್ನ ಸ್ವರ ನನಗೇ ಟೈಪಿಸ್ಟನ ಸ್ವರದಂತೆ ಕೇಳಿಸಿತು.

“ಇಲ್ಲಿಗೆ ಬರೋ ಮುಂಚೆ ಅಂಗಡಿಯಲ್ಲಿ ಇದ್ದವಲ್ಲ. ಮೊದಲನೇ ದಿನವೇ ನೋಡಿದೆ, ಆರಕ್ಕೆ ಆರೂ ಬಸುರಿಯರ ಹಾಗೆ ಈಜ್ತಿದ್ವು. ಅಷ್ಟೂ ಗೊತ್ತಾಗದಿದ್ರೆ ಇಷ್ಟು ವರ್ಷ ಆ ವಾರ್ಡಲ್ಲಿ ನಾನು ಮಾಡಿದ್ದೇನು?”

“ಗೊತ್ತಿದ್ದೂ ಯಾಕೆ ಹೇಳಲಿಲ್ಲ?”

“ನೀವು ಕೇಳಲಿಲ್ಲ.”

ಅಂಗಡಿಗೆ ಓಡಿದೆ. ಅಂಗಡಿಯವರು ಒದ್ದೆ ಕೈ ಒರೆಸಿಕೊಳ್ಳುತ್ತ, “ಅದನ್ನೇ ಅಲ್ವಾ ಸಾರ್ ನಾನು ಹೇಳೋಕೆ ಬಂದದ್ದು. ಅಂಗಡಿಯ ಹೆಣ್ಣು ಗಪ್ಪಿ ಅಂದ್ರೆ ಬಸುರಿ ಅಂತಲೇ ತಿಳ್ಕೋಬೇಕು. ಒಂದು ಸಲ ಗಂಡಿನ ಜೊತೆ ಇದ್ರೆ ಮುಂದಿನ ಎಷ್ಟೋ ತಿಂಗಳು ಮರಿ ಹಾಕ್ತಾನೇ ಇರ್ತವೆ. ನೀವು ನಿಯಮ ಅಂದ್ರಿ” ಎಂದರು. ಹೊರಡುವಾಗ ಇನ್ನೊಂದು ಮಾತು ಸೇರಿಸಿದರು. ಈ ಸಲ ನಾನು ತಡೆಯಲಿಲ್ಲ. “ಮರಿಗಳನ್ನ ಬೇಗ ಬೇರೆ ಮಾಡಿ ಸಾರ್. ತಾಯಂದಿರೇ ತಿಂದುಬಿಡ್ತವೆ.”

ದಾರಿಯುದ್ದಕ್ಕೂ ನನಗೆ ಚಿಂತೆ ಹತ್ತಿತು. ಕುರ್ಚಿಯದ್ದಲ್ಲ, ಮರಿಗಳದ್ದು. ಇಪ್ಪತ್ತಮೂರು ಜೀವ. ಛತ್ರಿ ಹೋಯಿತು, ಗಡಿಯಾರ ನಿಂತಿತು. ಆದರೆ ನಾನು ಆರಿಸಿ ತಂದದ್ದು ಮೊದಲ ಬಾರಿಗೆ ಈ ಮನೆಯಲ್ಲಿ ಉಳಿದಿತ್ತು. ಉಳಿದದ್ದಷ್ಟೇ ಅಲ್ಲ, ನಾಲ್ಕು ಪಟ್ಟಿಗೂ ಮೀರಿ ಬೆಳೆದಿತ್ತು. ಮನೆ ಹತ್ತಿರವಾದಂತೆ ಚಿಂತೆ ಹಿಂದೆ ಬಿದ್ದು ಹೆಮ್ಮೆ ಮುಂದೆ ಬಂತು. ಮೆಟ್ಟಿಲು ಹತ್ತುವಾಗ ನಾನು ಸಿಳ್ಳೆ ಹಾಕುತ್ತಿದ್ದೆ.

ಬಾಗಿಲು ತೆಗೆದರೆ ಮರಿಗಳು ಆಗಲೇ ಬೇರೆಯಾಗಿದ್ದವು. ಹೆಂಡತಿ ಒಂದು ದುಂಡನೆಯ ಪಾರದರ್ಶಕ ಟಬ್ಬಿಗೆ ತೊಟ್ಟಿಯದೇ ನೀರು ತುಂಬಿ, ಗಿಡ ಹಾಕಿ, ಇಪ್ಪತ್ತಮೂರನ್ನೂ ಅದರೊಳಗೆ ಬಿಟ್ಟಿದ್ದಳು. ತಳವೂ ದುಂಡಾದ ಆ ಟಬ್ಬನ್ನು ಎಲ್ಲಿಟ್ಟರೂ ಅಲುಗಾಡಿತಂತೆ. ಕೊನೆಗೆ ಅತ್ತೆ ಒಂದು ಜಾಗ ಸೂಚಿಸಿದರಂತೆ. ನನ್ನ ಬೆತ್ತದ ಕುರ್ಚಿಯ ನಟ್ಟನಡುವಿನ ತೂತಿನೊಳಗೆ ಟಬ್ಬು ಅಳತೆ ತೆಗೆದು ಮಾಡಿಸಿದಂತೆ ಕೂತಿತ್ತು. ಅಂಚು ಬೆತ್ತದ ಮೇಲೆ, ಹೊಟ್ಟೆ ಕೆಳಗೆ. ಒಂದು ಕೂದಲೆಳೆ ಅಲುಗಾಟವಿಲ್ಲ. ದಿಂಬು ಮಾತ್ರ ನೆಲದ ಮೇಲೆ ಬಿದ್ದಿತ್ತು.

“ಕುರ್ಚಿ ಗುಜರಿಗೆ ಹೋಗಲ್ಲ” ಎಂದಳು ಹೆಂಡತಿ. “ಹದಿನೆಂಟು ವರ್ಷ ಆದ ಮೇಲೆ ಅದರಿಂದ ಏನು ಉಪಯೋಗ ಅಂತ ಇವತ್ತು ಗೊತ್ತಾಯ್ತು.”

ನನಗೆ ಆನಂದವಾಯಿತು. ಕುರ್ಚಿ ಉಳಿಯಿತು. ಮರಿಗಳು ಉಳಿದವು. ಅವಳ ಬಾಯಲ್ಲೇ ನನ್ನ ಎರಡೂ ಆಯ್ಕೆಗಳಿಗೆ ಮನ್ನಣೆ ಸಿಕ್ಕಿತು. ಅಭ್ಯಾಸಬಲದಿಂದ ಕೂರಲು ಹೋದೆ.

ಅವಳು ಒಂದು ಹಾಳೆಯನ್ನು ನನ್ನ ಕೈಗಿಟ್ಟಳು. ನನ್ನದೇ ಕಚೇರಿಯ ಶೈಲಿ. ಊಟದ ಹೊತ್ತಿನಲ್ಲಿ ಅಷ್ಟು ವರ್ಷ ನಾನು ಓದಿ ಹೇಳಿದ್ದು ವ್ಯರ್ಥವಾಗಿರಲಿಲ್ಲ. ‘ಕಲಂ ಹನ್ನೊಂದರ ಮೇರೆಗೆ, ಕುಟುಂಬ ವೃದ್ಧಿಯಾಗಿರುವುದರಿಂದ, ಮೂಲೆಯ ಕುರ್ಚಿಯಲ್ಲಿ ವಾಸವಿರುವ ಒಂಟಿ ನಿವಾಸಿಯು ಸದರಿ ಸ್ಥಳವನ್ನು ಈ ಕೂಡಲೇ ತೆರವು ಮಾಡತಕ್ಕದ್ದು.’

“ಒಂದು ತಿಂಗಳು ಟೈಮ್ ಕೊಡೇ” ಎಂದೆ. “ಅಭ್ಯಾಸ ಆಗಿಬಿಟ್ಟಿದೆ.”

“ನಿಯಮ ನಂದಲ್ಲರೀ. ನಾನು ಬರೀ ಓದಿ ಹೇಳೋಳು.”

ಈಗ ಸಂಜೆ ಹೊತ್ತು ನಮ್ಮ ಮನೆ ತುಂಬ ಜನ. ಮೇಷ್ಟ್ರು ಎಲ್ಲರಿಗೂ ಸುದ್ದಿ ಹಬ್ಬಿಸಿದ್ದಾರೆ. ಬಂದವರಿಗೆ ನಾನೇ ನಿಂತು ವಿವರಿಸುತ್ತೇನೆ: ನಲವತ್ತು ಲೀಟರಿಗೆ ಯಾವ ಮೀನು ತಕ್ಕದ್ದು, ಯಾವುದು ಅಲ್ಲ, ನೀರು ಹದವಾಗುವುದು ಹೇಗೆ, ಒಂದೂ ಸಾಯದಂತೆ ಸಾಕುವುದು ಹೇಗೆ. ಹೋದ ಮಂಗಳವಾರ ಆ ಟೈಪಿಸ್ಟನೂ ಬಂದಿದ್ದ. ಟಬ್ಬನ್ನು ನೋಡಿದ, ಕುರ್ಚಿಯನ್ನು ನೋಡಿದ, ಗೋಡೆಗೆ ಅಂಟಿಸಿದ್ದ ನೋಟಿಸನ್ನು ಪೂರ್ತಿ ಓದಿದ. ಆಮೇಲೆ ಬಲು ವಿನಯದಿಂದ, “ಸಾರ್, ನೀವು ಯಾಕೆ ನಿಂತೇ ಇದ್ದೀರಿ? ಕೂತ್ಕೊಳ್ಳಿ” ಎಂದ.

ಕಚೇರಿಯ ಸಂಗೀತ ಕುರ್ಚಿಯಲ್ಲಿ ಪ್ರಥಮ ಬಹುಮಾನ ಗೆದ್ದವನು ನಾನು. ಇಡೀ ಹಾಲಿನಲ್ಲಿ ಕಣ್ಣು ಹಾಯಿಸಿದೆ. ಕೂರಲು ಒಂದು ಕುರ್ಚಿಯೂ ಖಾಲಿ ಇರಲಿಲ್ಲ.